ಯೂಸುಫ್ ಅರಕ್ಕಲ್ ನಮಗೆ ಯಾರು?

ಕಳೆದ ಬೇಸಿಗೆಯಲ್ಲಿ ರಾಣೆಬೆನ್ನೂರು ತಾಲೂಕಿನ ಕುಪ್ಪೇಲೂರಿನ ಒಂದು ಮನೆಗೆ ನಾವು ಹೋಗಿದ್ದೆವು. ಮದುವೆಯ ಮಾತುಕತೆಗೆ ಹೊರಟವರ ಜೊತೆ ಹೋದ ನಮಗೆ ಅಲ್ಲಿ ಹೇಳಿಕೊಳ್ಳುವಂಥ ಕೆಲಸವೇನೂ ಇರಲಿಲ್ಲ. ಹಿರಿಯರು ಒಳಗೆ ಮಾತಿನಲ್ಲಿ ತೊಡಗಿದ್ದಾಗ, ಪಡಸಾಲೆಯಲ್ಲಿ ಕುಳಿತಿದ್ದ ನಮ್ಮ ಮುಂದೆ ಹನ್ನೊಂದು ವರ್ಷದ ಹುಡುಗನೊಬ್ಬ ನೋಟ್‌ಬುಕ್ಕೊಂದನ್ನು ತಂದಿಟ್ಟ. ನಡುವೆ ಅಡ್ಡಲಾಗಿ ಹರಿದು, ಆಮೇಲೆ ಅಂಟುಪಟ್ಟಿಯಿಂದ ಜೋಡಿಸಿದ ನೋಟ್‌ಬುಕ್ಕು. ಪುಟ ಪುಟದಲ್ಲೂ ಮನೆಗಳು. ಆರಂತಸ್ತಿನವು, ಒಂಬತ್ತಂತಸ್ತಿನವು, ಇನ್ನೂ ಕಿಟಕಿ ಕೂಡಿಸದೆ ಕಬ್ಬಿಣದ ಕಂಬಿಗಳು ಆಕಾಶಕ್ಕೆ ಚಾಚಿಕೊಂಡವು. ಪ್ರತಿಯೊಂದು ಕಟ್ಟಡದ ಬುಡದಲ್ಲಿ ನೀಲಿ ತಾಡಪತ್ರಿ ಹೊದಿಸಿದ ಒಂದು ಗುಡಿಸಲು. ಗುಡಿಸಲಿನ ಬಾಗಿಲಲ್ಲಿ ಒಂದು ಜೊತೆ ಚಪ್ಪಲಿ.

ಚಪ್ಪಲಿ ಯಾರದು ಎಂದು ಕೇಳಿದೆವು. "ಅಬ್ಬಾಂದ್ರಿ" ಎಂದ. ಹಾಗಾದರೆ ಅಬ್ಬಾ ಎಲ್ಲಿ ಎಂದೆವು. "ಅವ್ರನ್ನ ಬರೀಬಾರದಂತಲ್ರಿ" ಎಂದು ನೆಲ ನೋಡಿದ.

ಹುಡುಗನ ಅಜ್ಜ ಹತ್ತಿ ಹಿಂಜುತ್ತಿದ್ದವರು. ಕಮಾನು ಹೆಗಲಿಗೇರಿಸಿಕೊಂಡು ಸುತ್ತಲಿನ ಹಳ್ಳಿಗಳಲ್ಲಿ ಗಾದಿ ತುಂಬಿಸುತ್ತ ತಿರುಗಿದ ನದಾಫ್ ಮನೆತನ ಅದು. ಅಂಗಡಿಯಲ್ಲಿ ಸ್ಪಂಜಿನ ಗಾದಿ ಬಂದ ಮೇಲೆ ಕಮಾನು ಅಟ್ಟ ಸೇರಿತು. ಹೊಲ ಎರಡೆಕರೆಯಷ್ಟಿದ್ದು, ಅದು ಮಳೆಯನ್ನು ನಂಬಿದ್ದು. ಮಗ ಮಂಗಳೂರಿಗೆ ಸೆಂಟ್ರಿಂಗ್ ಕೆಲಸಕ್ಕೆ ಹೋದ. ಹುಡುಗ ಬೇಸಿಗೆ ರಜೆಯಲ್ಲಿ ಒಂದು ತಿಂಗಳು ಅಪ್ಪನ ಬಳಿಯಿದ್ದು ಬಂದಿದ್ದಾನೆ. ನೋಡಿದ್ದನ್ನು ಬರೆದಿದ್ದಾನೆ, ಅಷ್ಟೆ. ಮನೆಯ ಹಿರಿಯರೊಬ್ಬರು ಒಂದು ಶುಕ್ರವಾರ ನಮಾಝಿನಿಂದ ಬಂದವರೇ, ಇದು ತಸ್ವೀರ್, ಇದು ಹರಾಮ್ ಎಂದು ನೋಟ್‌ಬುಕ್ಕನ್ನು ಹರಿದು ಒಗೆದರಂತೆ. ಅಜ್ಜಿ ಮಾತ್ರ ಮೆಲ್ಲಗೆ, "ಜೀವ ಇದ್ದದ್ದೇನೂ ಬರ್ದಿಲ್ರಿ ಅದು, ಬರೇ ಮನಿ ಬರೀತೈತಿ" ಎಂದರು. ಆ ಅಜ್ಜಿಗೆ ಓದು ಬರಹ ಬಾರದು. ಆದರೆ ಶರೀಅತ್ತಿನ ಈ ಒಂದು ವಿಷಯದಲ್ಲಿ ಅವರ ತಿಳಿವಳಿಕೆ ಹರಿದವರ ತಿಳಿವಳಿಕೆಗಿಂತ ಮೇಲಿತ್ತು ಎಂಬುದನ್ನು ಮುಂದೆ ವಿವರಿಸುತ್ತೇವೆ.

ಅಂದು ಮರಳಿ ಬರುವ ದಾರಿಯಲ್ಲಿ ನಮಗೆ ನೆನಪಾದವರು ಯೂಸುಫ್ ಅರಕ್ಕಲ್. ಜೊತೆಗಿದ್ದವರನ್ನು ಕೇಳಿದೆವು. ಒಬ್ಬರು ವಕೀಲರು, ಇಬ್ಬರು ಶಿಕ್ಷಕರು, ಒಬ್ಬರು ಬ್ಯಾಡಗಿಯ ಮೆಣಸಿನಕಾಯಿ ವ್ಯಾಪಾರಿ. ಆ ಹೆಸರನ್ನು ಯಾರೂ ಕೇಳಿರಲಿಲ್ಲ. ಆಮೇಲೆ ಬೇರೆ ಬೇರೆ ಪಟ್ಟಣಗಳ ಸ್ನೇಹಿತರನ್ನೂ ಕೇಳಿ ನೋಡಿದೆವು. ಒಬ್ಬರು "ಕ್ರಿಕೆಟಿಗನೇ?" ಎಂದರು.

ಯೂಸುಫ್ ಅರಕ್ಕಲ್ 1945ರಲ್ಲಿ ಕೇರಳದ ಚಾವಕ್ಕಾಡಿನಲ್ಲಿ ಹುಟ್ಟಿದವರು. ಹೆಸರಿನಲ್ಲಿರುವ ಅರಕ್ಕಲ್ ಎಂಬುದು ಕಣ್ಣೂರನ್ನಾಳಿದ ಮುಸ್ಲಿಂ ಅರಸುಮನೆತನ. ಅರಕ್ಕಲ್ ಬೀವಿಯರ ಹೆಸರನ್ನು ಟಿಪ್ಪುವಿನ ಇತಿಹಾಸ ಓದಿದವರು ಕೇಳಿಯೇ ಇರುತ್ತಾರೆ. ಆದರೆ ಅರಸುಮನೆತನದ ಹೆಸರು ಹುಡುಗನ ಹೊಟ್ಟೆ ತುಂಬಿಸಲಿಲ್ಲ. ಎಳವೆಯಲ್ಲೇ ತಂದೆತಾಯಿಯನ್ನು ಕಳೆದುಕೊಂಡು, ಮನೆ ಬಿಟ್ಟು ಬೆಂಗಳೂರಿಗೆ ಬಂದರು. ಭಾಷೆ ಗೊತ್ತಿಲ್ಲ, ಗುರುತಿನವರಿಲ್ಲ. ಬೀದಿಯಲ್ಲಿ ದಿನ ಕಳೆದು, ಸಿಕ್ಕ ಕೂಲಿ ಮಾಡಿ, ಕೊನೆಗೆ ಹಿಂದೂಸ್ತಾನ್ ಏರೋನಾಟಿಕ್ಸ್ ಕಾರ್ಖಾನೆಯಲ್ಲಿ ಕೆಲಸ ಹಿಡಿದರು. ವಿಮಾನ ಕಟ್ಟುವ ಕಾರ್ಖಾನೆಯ ಕೆಲಸಗಾರ ಕರ್ನಾಟಕ ಚಿತ್ರಕಲಾ ಪರಿಷತ್ತಿನಲ್ಲಿ ಕಲಿತು 1973ರಲ್ಲಿ ಡಿಪ್ಲೊಮಾ ಪಡೆದರು. 1983ರಲ್ಲಿ ರಾಷ್ಟ್ರೀಯ ಲಲಿತಕಲಾ ಅಕಾಡೆಮಿಯ ಪ್ರಶಸ್ತಿ, 2005ರಲ್ಲಿ ಇಟಲಿಯ ಫ್ಲಾರೆನ್ಸ್ ಬಿಯೆನಾಲೆಯ ಚಿನ್ನದ ಪದಕ, 2012ರಲ್ಲಿ ಕೇರಳ ಸರಕಾರದ ರಾಜಾ ರವಿವರ್ಮ ಪುರಸ್ಕಾರ. 2016ರ ಅಕ್ಟೋಬರಿನಲ್ಲಿ ಬೆಂಗಳೂರಿನಲ್ಲೇ ನಿಧನರಾದರು. ಕೇರಳದವರು ನಮ್ಮವನೆಂದರು, ಕರ್ನಾಟಕದವರು ನಮ್ಮವನೆಂದರು. ಬೀದಿಯಲ್ಲಿದ್ದ ಹುಡುಗನನ್ನು ಮಾತ್ರ ಆಗ ಯಾರೂ ನಮ್ಮವನೆನ್ನಲಿಲ್ಲ. ವಲಸೆ ಬಂದವನು ಪದಕ ಗೆಲ್ಲುವ ತನಕ ಪರಕೀಯನೇ ಆಗಿರುತ್ತಾನೆ, ಗೆದ್ದ ಮರುದಿನ ಅವನಿಗೆ ಎರಡೆರಡು ತವರುಗಳು ಹುಟ್ಟಿಕೊಳ್ಳುತ್ತವೆ.

ಅವರು ಚಿತ್ರಿಸಿದ್ದು ಏನನ್ನು? ಅರಮನೆಯನ್ನಲ್ಲ, ಅರಕ್ಕಲ್ ವೈಭವವನ್ನೂ ಅಲ್ಲ. ಕಾಲುದಾರಿಯಲ್ಲಿ ಮಲಗಿದವರು, ಗೋಡೆಗೊರಗಿ ಕೂತವರು, ದುಡಿಮೆ ಮುಗಿಸಿ ತಲೆ ತಗ್ಗಿಸಿದವರು, ಗಾಳಿಪಟ ಹಿಡಿದ ಒಂಟಿ ಹುಡುಗರು. ಬಣ್ಣ ಬಹುಮಟ್ಟಿಗೆ ಮಣ್ಣಿನದು, ಬೂದಿಯದು. ಹಿನ್ನೆಲೆಯಲ್ಲಿ ಮಳೆ ಬಿಸಿಲಿಗೆ ಕಲೆಗಟ್ಟಿದ ಹಳೆಯ ಗೋಡೆಯಂಥ ಮೈ. ಅವರ ಎಷ್ಟೋ ಚಿತ್ರಗಳಲ್ಲಿ ಮುಖ ಸ್ಪಷ್ಟವಿಲ್ಲ. ಕಣ್ಣು ಮೂಗುಗಳು ನೆರಳಿನಲ್ಲಿ ಕರಗಿರುತ್ತವೆ. ಕಲಾ ವಿಮರ್ಶಕರು ಇದಕ್ಕೆ ನಗರದ ಏಕಾಂತ ಎಂದೋ ಮತ್ತೊಂದೋ ಹೆಸರು ಕೊಡುತ್ತಾರೆ. ನಮಗೆ ತೋಚುವ ಅರ್ಥ ಇನ್ನೂ ಸರಳವಾದದ್ದು: ಬೀದಿಯಲ್ಲಿ ಮಲಗಿದವನ ಮುಖವನ್ನು ಯಾರೂ ನೋಡುವುದಿಲ್ಲ. ತಾನೇ ಹಾಗೆ ಮಲಗಿದ್ದವನಿಗೆ ಅದು ಗೊತ್ತು. ದೊಡ್ಡ ಮನುಷ್ಯನಾದ ಮೇಲೆ ಬಡತನದ ದಿನಗಳನ್ನು ಮುಚ್ಚಿಡುವವರೇ ಹೆಚ್ಚಿರುವ ಲೋಕದಲ್ಲಿ ಈ ವ್ಯಕ್ತಿ ಹತ್ತಾರು ವರ್ಷ ಆ ದಿನಗಳನ್ನೇ ಬರೆದರು.

ಇಂಥವರೊಬ್ಬರು ನಮ್ಮ ರಾಜ್ಯದ ರಾಜಧಾನಿಯಲ್ಲಿ ಅರ್ಧ ಶತಮಾನಕ್ಕೂ ಮಿಕ್ಕಿ ಬದುಕಿ ತೀರಿಕೊಂಡರು. ನಮ್ಮ ಎಷ್ಟು ಜಮಾಅತ್‌ಗಳು ಅವರನ್ನು ಒಂದು ಸಭೆಗೆ ಕರೆದಿದ್ದವು? ನಮ್ಮ ಎಷ್ಟು ವಿದ್ಯಾಸಂಸ್ಥೆಗಳು ಮಕ್ಕಳಿಗೆ ಅವರ ಒಂದು ಚಿತ್ರ ತೋರಿಸಿದವು? ಅವರು ತೀರಿಕೊಂಡಾಗ ನಮ್ಮ ಸಮುದಾಯದ ಪತ್ರಿಕೆಗಳಲ್ಲಿ ಎಷ್ಟು ಸಾಲು ಬಂದವು? ಈ ಪ್ರಶ್ನೆಯಿಂದ ನಾವು ನಮ್ಮನ್ನೂ ಹೊರಗಿಟ್ಟುಕೊಳ್ಳುತ್ತಿಲ್ಲ. ಆಗ ನಾವೂ ಬರೆಯಲಿಲ್ಲ.

ಇಲ್ಲಿ ಒಂದು ಉತ್ತರ ಸಿದ್ಧವಾಗಿರುತ್ತದೆಂದು ನಮಗೆ ಗೊತ್ತು. ಜೀವಿಗಳ ಚಿತ್ರ ಬರೆಯುವುದು ಇಸ್ಲಾಮಿನಲ್ಲಿ ನಿಷಿದ್ಧ, ಆದ್ದರಿಂದ ಚಿತ್ರಕಾರನನ್ನು ಗೌರವಿಸುವ ಪ್ರಶ್ನೆಯೇ ಏಳುವುದಿಲ್ಲ ಎಂಬುದು ಆ ಉತ್ತರ. ಮದ್ರಸದ ಚಾಪೆಯ ಮೇಲೆ ಕುಳಿತು ಹದೀಸ್ ಗ್ರಂಥಗಳನ್ನು ಓದಿದವರಾದ್ದರಿಂದ ಈ ಉತ್ತರವನ್ನು ನಾವು ಹಗುರವಾಗಿ ತಳ್ಳಿಹಾಕಲಾರೆವು. ಚಿತ್ರ ಮಾಡುವವರ ಕುರಿತು ಕಠಿಣವಾದ ಎಚ್ಚರಿಕೆಗಳು ಸಹೀಹ್ ಬುಖಾರಿ ಮತ್ತು ಮುಸ್ಲಿಮ್‌ನಲ್ಲಿವೆ. ಆರಾಧನೆಗಾಗಿ ವಿಗ್ರಹ ಮಾಡುವುದರ ಬಗ್ಗೆಯಂತೂ ವಿದ್ವಾಂಸರಲ್ಲಿ ಎರಡು ಮಾತಿಲ್ಲ. ಆದರೆ ಅದೇ ಗ್ರಂಥಗಳಲ್ಲಿ ಬಟ್ಟೆಯ ಮೇಲಿನ ಚಿತ್ತಾರಕ್ಕೆ ವಿನಾಯಿತಿ ನೀಡುವ ವರದಿಯೂ ಇದೆ. ಚಿತ್ರಗಳಿದ್ದ ಪರದೆಯನ್ನು ಪ್ರವಾದಿವರ್ಯರು(ಸ) ಇಷ್ಟಪಡದಿದ್ದಾಗ ಹಝ್ರತ್ ಆಯಿಶಾ(ರ) ಅದನ್ನು ಕತ್ತರಿಸಿ ದಿಂಬು ಮಾಡಿದ ಪ್ರಸಂಗವಿದೆ. ಅವರ ಗೊಂಬೆಗಳಲ್ಲಿ ರೆಕ್ಕೆಯುಳ್ಳ ಕುದುರೆಯೊಂದಿತ್ತೆಂಬ ವರದಿ ಅಬೂದಾವೂದ್‌ನಲ್ಲಿದೆ. ನೆರಳು ಬೀಳುವ ಮೂರ್ತಿಗೂ ನೆರಳಿಲ್ಲದ ಚಿತ್ರಕ್ಕೂ ವ್ಯತ್ಯಾಸ ಮಾಡಿದ ಫುಕಹಾಗಳು ಮಾಲಿಕೀ ಪಂಥದಲ್ಲಿದ್ದಾರೆ. ಇಪ್ಪತ್ತನೆಯ ಶತಮಾನದ ಆರಂಭದಲ್ಲಿ ಈಜಿಪ್ಟಿನ ಮುಫ್ತಿ ಮುಹಮ್ಮದ್ ಅಬ್ದು, ಪೂಜೆಯ ಭಯವಿಲ್ಲದೆಡೆ ಚಿತ್ರಕಲೆ ಜ್ಞಾನವನ್ನೂ ನೆನಪನ್ನೂ ಕಾಪಾಡುವ ಸಾಧನವೆಂದು ವಾದಿಸಿದರು. ಈ ಅಭಿಪ್ರಾಯಗಳಲ್ಲಿ ಯಾವುದು ಬಲವಾದದ್ದೆಂದು ತೀರ್ಪು ಕೊಡುವುದು ಈ ಬರಹದ ಕೆಲಸವಲ್ಲ. ಅಭಿಪ್ರಾಯಭೇದವಿದೆ ಎಂಬುದನ್ನು ಮಾತ್ರ ಮುಚ್ಚಿಡಬಾರದು.

ಇನ್ನು ಕುಪ್ಪೇಲೂರಿನ ಅಜ್ಜಿಯ ಮಾತು. ಚಿತ್ರ ಬರೆದೇ ಹೊಟ್ಟೆ ಹೊರೆಯುತ್ತಿದ್ದ ಒಬ್ಬಾತ ಹಝ್ರತ್ ಇಬ್ನು ಅಬ್ಬಾಸ್(ರ)ರ ಬಳಿಗೆ ಬಂದು ತನ್ನ ಕಷ್ಟ ತೋಡಿಕೊಂಡ. ಅವರು ಎಚ್ಚರಿಕೆಯ ಹದೀಸನ್ನು ಅವನಿಗೆ ಕೇಳಿಸಿದರು. ಅವನ ಮುಖ ಬಾಡಿತು. ಆಗ ಅವರು ಅವನ ಕೈಯಿಂದ ಕುಂಚ ಕಿತ್ತುಕೊಳ್ಳಲಿಲ್ಲ. ಬರೆಯಲೇಬೇಕೆಂದಿದ್ದರೆ ಮರಗಳನ್ನೂ ಜೀವವಿಲ್ಲದ ವಸ್ತುಗಳನ್ನೂ ಬರೆ ಎಂದು ದಾರಿ ತೋರಿಸಿದರು. ಇದು ಬುಖಾರಿಯಲ್ಲಿದೆ. ಅತ್ಯಂತ ಕಟ್ಟುನಿಟ್ಟಿನ ನಿಲುವು ಕೂಡ ಮನೆ, ಮರ, ಚಪ್ಪಲಿ, ತಾಡಪತ್ರಿಗಳನ್ನು ಬರೆಯುವ ಹುಡುಗನ ನೋಟ್‌ಬುಕ್ಕನ್ನು ಹರಿಯಲು ಅನುಮತಿ ನೀಡುವುದಿಲ್ಲ. ಆ ಹಿರಿಯರು ಯಾವ ಇಮಾಮರ ಮಾತಿನ ಮೇಲೆ ಅದನ್ನು ಹರಿದರು? ಅಂದೇ ಒಳಗಿನ ಕೋಣೆಯಲ್ಲಿ ವಧುವಿನ ಫೋಟೋ ಮೊಬೈಲಿನಿಂದ ಮೊಬೈಲಿಗೆ ಹೋಗುತ್ತಿತ್ತು ಎಂಬುದನ್ನೂ ಇಲ್ಲಿ ಹೇಳಬೇಕಾಗುತ್ತದೆ. ಅದರ ಬಗ್ಗೆ ಯಾರಿಗೂ ತಕರಾರಿರಲಿಲ್ಲ. ಹಜ್ಜಿನ ಪಾಸ್‌ಪೋರ್ಟಿಗೆ ಫೋಟೋ ಬೇಕು, ಚುನಾವಣೆಗೆ ನಿಂತ ನಮ್ಮ ನಾಯಕರ ಫ್ಲೆಕ್ಸಿಗೆ ಆಳೆತ್ತರದ ಫೋಟೋ ಬೇಕು, ಈದ್ ಶುಭಾಶಯದ ಬ್ಯಾನರಿನಲ್ಲಿ ಗಲ್ಲಿಗೆ ಇಪ್ಪತ್ತು ಮುಖಗಳು ಬೇಕು. ಫತ್ವಾ ನೆನಪಾಗುವುದು ಬಡ ಹುಡುಗನ ಪೆನ್ಸಿಲ್ ಕಂಡಾಗ ಮಾತ್ರ.

ಆದ್ದರಿಂದ ಅಡ್ಡಿಯಾಗಿರುವುದು ಧರ್ಮವೆಂಬುದನ್ನು ನಾವು ಒಪ್ಪುವುದಿಲ್ಲ. ಅದಕ್ಕೆ ಇನ್ನೊಂದು ಪುರಾವೆಯಿದೆ, ಆ ಪುರಾವೆಯ ಹೆಸರು ಝರೀನಾ.

ಝರೀನಾ ಹಾಶ್ಮಿ 1937ರಲ್ಲಿ ಅಲೀಗಢದಲ್ಲಿ ಹುಟ್ಟಿದರು. ತಂದೆ ಅಲೀಗಢ ಮುಸ್ಲಿಂ ವಿಶ್ವವಿದ್ಯಾಲಯದಲ್ಲಿ ಇತಿಹಾಸದ ಪ್ರಾಧ್ಯಾಪಕರು. ಮಗಳು ಅದೇ ವಿಶ್ವವಿದ್ಯಾಲಯದಲ್ಲಿ 1958ರಲ್ಲಿ ಗಣಿತದ ಪದವಿ ಪಡೆದರು. ದೇಶ ವಿಭಜನೆಯ ಗಾಯ ಆ ಮನೆಯನ್ನು ತಡವಾಗಿ ಮುಟ್ಟಿತು. ತಂದೆತಾಯಿ ಕೊನೆಗೆ ಪಾಕಿಸ್ತಾನಕ್ಕೆ ಹೋದರು. ಅಕ್ಕ ರಾಣಿ ಅಲ್ಲಿ, ತಂಗಿ ಊರಿಂದೂರಿಗೆ ದೇಶದಿಂದ ದೇಶಕ್ಕೆ ಅಲೆದು ಕೊನೆಗೆ ನ್ಯೂಯಾರ್ಕಿನಲ್ಲಿ. ಈ ಝರೀನಾ ಮರದ ಹಲಗೆಯ ಮೇಲೆ ಗೆರೆ ಕೊರೆದು ಕಾಗದಕ್ಕೆ ಒತ್ತುತ್ತಿದ್ದರು. 1999ರ ಒಂದು ಮಾಲಿಕೆಯಲ್ಲಿ 36 ಅಚ್ಚುಗಳಿವೆ. ಮನೆಗೆ ಸಂಬಂಧಿಸಿದ ಒಂದೊಂದು ಉರ್ದು ಪದ, ಅದರ ಮೇಲೆ ಕೆಲವೇ ಗೆರೆಗಳ ಒಂದೊಂದು ಆಕೃತಿ. 2001ರಲ್ಲಿ ಭಾರತ ಪಾಕಿಸ್ತಾನಗಳ ಗಡಿಯನ್ನು ಬಿಳಿ ಕಾಗದದ ಮೇಲೆ ಕಪ್ಪಾದ ಒಂದು ಅಂಕುಡೊಂಕು ಗೆರೆಯಾಗಿ ಮಾಡಿದರು, ಬೇರೇನೂ ಇಲ್ಲ. ಅಕ್ಕ ತನಗೆ ಬರೆದು ಅಂಚೆಗೆ ಹಾಕದೆ ಇಟ್ಟುಕೊಂಡಿದ್ದ ಉರ್ದು ಪತ್ರಗಳು ಕೈಸೇರಿದಾಗ, ಆ ಪತ್ರಗಳ ಬರಹದ ಮೇಲೆ ಮನೆಗಳ ನಕ್ಷೆ, ಊರುಗಳ ನಕ್ಷೆ ಒತ್ತಿ 2004ರಲ್ಲಿ ಇನ್ನೊಂದು ಮಾಲಿಕೆ ಮಾಡಿದರು. 2011ರಲ್ಲಿ ವೆನಿಸ್ ಬಿಯೆನಾಲೆಯ ಭಾರತದ ಮಂಟಪದಲ್ಲಿ ಅವರ ಕೃತಿಗಳಿದ್ದವು. 2013ರಲ್ಲಿ ನ್ಯೂಯಾರ್ಕಿನ ಗುಗೆನ್‌ಹೈಮ್ ಸಂಗ್ರಹಾಲಯ ಅವರ ಜೀವಮಾನದ ಕೆಲಸವನ್ನು ತೂಗುಹಾಕಿತು. 2020ರ ಏಪ್ರಿಲ್‌ನಲ್ಲಿ ಲಂಡನ್ನಿನಲ್ಲಿ ನಿಧನರಾದರು.

ಆ ಮಾಲಿಕೆಗಳಲ್ಲಿ ಜೀವಿಯ ಚಿತ್ರವಿಲ್ಲ. ಮನುಷ್ಯನಿಲ್ಲ, ಪ್ರಾಣಿಯಿಲ್ಲ. ಮನೆಯ ನಕ್ಷೆ, ಗಡಿಯ ಗೆರೆ, ಉರ್ದು ಅಕ್ಷರ. ಅತಿ ಕಟ್ಟುನಿಟ್ಟಿನ ಮುಫ್ತಿಯೂ ಬೆರಳು ತೋರಿಸಲಾಗದ ಕಲೆ. ಉರ್ದು ನಮ್ಮ ಭಾಷೆ, ಉರ್ದು ಉಳಿಯಬೇಕು ಎಂದು ಭಾಷಣ ಮಾಡುವ ನಮ್ಮ ಅಂಜುಮನ್‌ಗಳಲ್ಲಿ ಎಷ್ಟಕ್ಕೆ ಈ ಹೆಸರು ಗೊತ್ತು? ಅರಕ್ಕಲ್ ಮನುಷ್ಯರನ್ನು ಬರೆದರು, ಅದಕ್ಕಾಗಿ ದೂರವಿಟ್ಟೆವು ಎನ್ನೋಣ. ಮನುಷ್ಯರನ್ನು ಬರೆಯದ ಝರೀನಾರನ್ನು ಯಾವುದಕ್ಕಾಗಿ ದೂರವಿಟ್ಟೆವು? ನಮಗಿರುವುದು ಚಿತ್ರದ ಭಯವಲ್ಲ, ನೆನಪಿನ ಅಸಡ್ಡೆ. ಅಸಡ್ಡೆಗೆ ತಕ್ವಾದ ಹೊದಿಕೆ ಹೊದಿಸಿ ಕೂತಿದ್ದೇವೆ.

ಎಂ.ಎಫ್. ಹುಸೇನ್ ವಿಷಯ ಇನ್ನೂ ನಾಚಿಕೆಗೇಡಿನದು. ಒಂದು ಪಕ್ಷದವರು ಮೊಕದ್ದಮೆಗಳನ್ನು ಹೂಡಿ, ಪ್ರದರ್ಶನಗಳನ್ನು ಪುಡಿಮಾಡಿ ಅವರನ್ನು ದೇಶ ಬಿಡಿಸಿದರು ಎಂದು ನಾವು ನೆನಪಿಸಿಕೊಳ್ಳುತ್ತೇವೆ. ಅದು ಸತ್ಯ. 2010ರಲ್ಲಿ ಕತರ್ ಪೌರತ್ವ ಪಡೆದು 2011ರಲ್ಲಿ ಲಂಡನ್ನಿನಲ್ಲಿ ಆ ವೃದ್ಧರು ಕೊನೆಯುಸಿರೆಳೆದರು. ಆದರೆ 2004ರಲ್ಲಿ ಅವರ 'ಮೀನಾಕ್ಷಿ' ಚಲನಚಿತ್ರದ ಒಂದು ಹಾಡಿನ ವಿರುದ್ಧ ಬೀದಿಗಿಳಿದವರು ನಮ್ಮವರೇ. ಚಿತ್ರಮಂದಿರಗಳಿಂದ ಆ ಚಿತ್ರ ಹಿಂದೆ ಸರಿದದ್ದು ನಮ್ಮವರ ಒತ್ತಡದಿಂದ. ಹುಸೇನರ ಎಲ್ಲ ಚಿತ್ರಗಳನ್ನೂ ಸಮರ್ಥಿಸುವುದು ನಮ್ಮ ಉದ್ದೇಶವಲ್ಲ. ಕೆಲವು ನಮಗೂ ಹಿಡಿಸಿಲ್ಲ. ಆದರೂ ಒಬ್ಬ ಕಲಾವಿದನಿಗೆ ಎರಡೂ ಕಡೆಯ ಬಾಗಿಲು ಮುಚ್ಚಿದಾಗ ಒಂದು ಬಾಗಿಲಿನ ಚಿಲಕ ನಮ್ಮ ಕೈಯಲ್ಲಿತ್ತು.

ಈಗ ಹಾವೇರಿಗೆ ಬರೋಣ. 2023ರ ಜನವರಿ 6ರಿಂದ 8ರವರೆಗೆ ಆ ಪಟ್ಟಣದಲ್ಲಿ 86ನೇ ಅಖಿಲ ಭಾರತ ಕನ್ನಡ ಸಾಹಿತ್ಯ ಸಮ್ಮೇಳನ ನಡೆಯಿತು. ಗೋಷ್ಠಿಗಳ ಪಟ್ಟಿಯಲ್ಲಿ ಮುಸ್ಲಿಂ ಬರಹಗಾರರನ್ನು ಕಡೆಗಣಿಸಲಾಗಿದೆಯೆಂದು ನಾಡಿನ ಹಲವು ಸಾಹಿತಿಗಳು ಧ್ವನಿಯೆತ್ತಿ, ಜನವರಿ 8ರಂದು ಬೆಂಗಳೂರಿನಲ್ಲಿ ಪ್ರತಿಯಾಗಿ ಜನ ಸಾಹಿತ್ಯ ಸಮ್ಮೇಳನವನ್ನೇ ನಡೆಸಿದರು. ಅವರಲ್ಲಿ ಮುಸ್ಲಿಮೇತರರೇ ಮುಂದಾಳುಗಳಾಗಿದ್ದರೆಂಬುದನ್ನು ಕೃತಜ್ಞತೆಯಿಂದ ನೆನೆಯಬೇಕು. ಹಾವೇರಿಯ ಹೆಸರನ್ನು ದೇಶಕ್ಕೆಲ್ಲ ಮುಟ್ಟಿಸಿದ ಏಲಕ್ಕಿ ಹಾರವನ್ನು ತಲೆಮಾರುಗಳಿಂದ ಕಟ್ಟುತ್ತ ಬಂದಿರುವುದು ಪಟವೇಗಾರ ಮುಸ್ಲಿಂ ಮನೆತನ. ಹಾರ ಕಟ್ಟುವ ಕೈ ಬೇಕು, ಬರೆಯುವ ಕೈ ಬೇಡವೇ ಎಂದು ಅಂದು ನಾವೂ ಕೇಳಿದೆವು. ಆ ಪ್ರಶ್ನೆ ನ್ಯಾಯವಾದದ್ದು, ಇಂದಿಗೂ ಅದನ್ನು ಹಿಂದೆಗೆದುಕೊಳ್ಳುವುದಿಲ್ಲ.

ಆದರೆ ಸಂಘಟಕರಲ್ಲೊಬ್ಬರು ತಿರುಗಿ ನಿಂತು, ನಿಮ್ಮ ಜಮಾಅತ್‌ಗಳು ಇದುವರೆಗೆ ಎಷ್ಟು ಬರಹಗಾರರನ್ನು, ಎಷ್ಟು ಕಲಾವಿದರನ್ನು ಮನ್ನಿಸಿವೆ ಎಂದು ಕೇಳಿದ್ದರೆ ನಾವು ಏನು ಹೇಳುತ್ತಿದ್ದೆವು? ಹಾಸನದ ಬಾನು ಮುಷ್ತಾಕ್ 2000ದಲ್ಲಿ ಮಸೀದಿಯಲ್ಲಿ ಮಹಿಳೆಯರ ನಮಾಝಿನ ಹಕ್ಕಿನ ಮಾತೆತ್ತಿದಾಗ ಅವರಿಗೆ ಸಿಕ್ಕಿದ್ದು ಸಾಮಾಜಿಕ ಬಹಿಷ್ಕಾರ. 2025ರ ಮೇ ತಿಂಗಳಲ್ಲಿ ಅಂತಾರಾಷ್ಟ್ರೀಯ ಬೂಕರ್ ಪ್ರಶಸ್ತಿ ಬಂದಾಗ ಅದೇ ಸಮುದಾಯದ ಊರೂರುಗಳಲ್ಲಿ ಅಭಿನಂದನೆಯ ಬ್ಯಾನರುಗಳು ಎದ್ದವು. ಆ ವರ್ಷದ ದಸರಾ ಉದ್ಘಾಟನೆಗೆ ಅವರನ್ನು ಕರೆಯಬಾರದೆಂದು ಕೆಲವರು ಸುಪ್ರೀಂ ಕೋರ್ಟಿನವರೆಗೂ ಹೋಗಿ ಸೋತಾಗ ನಮಗೆ ಸಿಟ್ಟು ಬಂತು. ಬರಬೇಕಾದದ್ದೇ. ಆದರೆ ಇಪ್ಪತ್ತೈದು ವರ್ಷ ಹಿಂದಿನ ಬಹಿಷ್ಕಾರದ ಬಗ್ಗೆ ಒಂದು ಸಾಲಿನ ವಿಷಾದ ಯಾವ ಬ್ಯಾನರಿನಲ್ಲೂ ನಮ್ಮ ಕಣ್ಣಿಗೆ ಬೀಳಲಿಲ್ಲ.

ಇಷ್ಟಕ್ಕೂ ಚಿತ್ರ, ಕತೆ, ನೆನಪು ಎಂದು ನಾವೇಕೆ ಇಷ್ಟು ಹಟ ಹಿಡಿದಿದ್ದೇವೆ? ಹೊಟ್ಟೆಗೆ ಹಿಟ್ಟಿಲ್ಲದಿದ್ದರೂ ಜುಟ್ಟಿಗೆ ಮಲ್ಲಿಗೆ ಹೂವೇ ಎಂದು ಹಿರಿಯ ಸ್ನೇಹಿತರೊಬ್ಬರು ನಮ್ಮನ್ನು ಗದರಿಸಿದರು. ಸಾಚಾರ್ ಸಮಿತಿಯ ವರದಿ 2006ರಲ್ಲಿ ಬಂದಿದ್ದರೂ ನಮ್ಮ ಮಕ್ಕಳು ಇನ್ನೂ ಶಾಲೆ ಬಿಡುತ್ತಿದ್ದಾರೆ, ಮೊದಲು ಡಾಕ್ಟರು ಎಂಜಿನಿಯರುಗಳಾಗಲಿ ಎಂದರು. ಆಗಲಿ, ಯಾರು ಬೇಡವೆಂದರು? ಝರೀನಾ ಗಣಿತ ಓದಿದವರು, ಅರಕ್ಕಲ್ ವಿಮಾನ ಕಾರ್ಖಾನೆಯಲ್ಲಿ ದುಡಿದವರು. ಕೈಯಲ್ಲಿ ಕೆಲಸವಿತ್ತು, ಕಣ್ಣಲ್ಲಿ ನೆನಪೂ ಇತ್ತು. ನೆನಪು ಮಲ್ಲಿಗೆ ಹೂವೆಂದು ತಿಳಿದವರಿಗೆ 2020ರ ಜನವರಿಯಲ್ಲಿ ಬೆಂಗಳೂರಿನ ಕರಿಯಮ್ಮನ ಅಗ್ರಹಾರದಲ್ಲಿ ಏನಾಯಿತೆಂದು ಗೊತ್ತಿರಬೇಕು. ಬಾಂಗ್ಲಾದೇಶಿಗಳ ಅಡ್ಡೆಯೆಂಬ ಗುಲ್ಲು ಹಬ್ಬಿತು. ನೂರಾರು ಶೆಡ್ಡುಗಳನ್ನು ಜೆಸಿಬಿ ಯಂತ್ರ ನೆಲಸಮ ಮಾಡಿತು. ಅಲ್ಲಿದ್ದವರಲ್ಲಿ ಅಸ್ಸಾಮ್, ತ್ರಿಪುರಾಗಳ ಭಾರತೀಯರಿದ್ದರು, ನಮ್ಮ ಉತ್ತರ ಕರ್ನಾಟಕದ ಕೂಲಿಕಾರರೂ ಇದ್ದರು. ಕನ್ನಡನಾಡಿನಲ್ಲೇ ಹುಟ್ಟಿದವನು ಕನ್ನಡನಾಡಿನ ರಾಜಧಾನಿಯಲ್ಲಿ ತನ್ನ ಗುರುತಿನ ಚೀಟಿ ಹಿಡಿದು, ನಾನು ಈ ನೆಲದವನೆಂದು ಅಂಗಲಾಚಬೇಕಾಯಿತು. ಆ ತೆರವು ಕಾನೂನುಬಾಹಿರವೆಂದು ಆಮೇಲೆ ರಾಜ್ಯದ ಉಚ್ಚ ನ್ಯಾಯಾಲಯ ಹೇಳಿತು. ಅಷ್ಟರಲ್ಲಿ ಶೆಡ್ಡು ಇರಲಿಲ್ಲ. ಗೋವಾದ ವಾಸ್ಕೋ ಬಳಿಯ ಬೈನಾ ಕಡಲತೀರದಲ್ಲೂ 2017ರಲ್ಲಿ ಕನ್ನಡಿಗರ ಮನೆಗಳು ಹೀಗೆಯೇ ಉರುಳಿದ್ದವು. ದಶಕಗಳ ಕಾಲ ಅಲ್ಲಿ ದುಡಿದವರು ಅವರು. ತನ್ನ ಕತೆಯನ್ನು ತಾನು ಬರೆದಿಡದ ಜನರ ಕತೆಯನ್ನು ಗುಲ್ಲು ಬರೆಯುತ್ತದೆ, ಜೆಸಿಬಿ ಅದನ್ನು ಅಚ್ಚು ಹಾಕುತ್ತದೆ.

ಕರಾವಳಿಯ ನಮ್ಮ ಓದುಗರಲ್ಲೂ ಒಂದು ಮಾತು. ಬೇಸರಿಸಬೇಡಿ. ವಲಸೆಯೆಂದರೇನೆಂದು ನಿಮಗಿಂತ ಚೆನ್ನಾಗಿ ಬಲ್ಲವರು ಯಾರು? ನಿಮ್ಮ ತಂದೆ, ಅಣ್ಣ, ಗಂಡ ಕೊಲ್ಲಿ ರಾಷ್ಟ್ರಗಳ ಬಿಸಿಲಿನಲ್ಲಿ ದುಡಿದೇ ಈ ಮನೆಗಳೆದ್ದದ್ದು. ಒಂದು ಕಾಲದಲ್ಲಿ ವಾರಗಟ್ಟಲೆ ಕಾದು ಓದಿದ ಪತ್ರಗಳಿದ್ದವು. ಓದು ಬಾರದ ತಾಯಂದಿರಿಗಾಗಿ ಮಾತು ತುಂಬಿ ಕಳಿಸಿದ ಕ್ಯಾಸೆಟ್ಟುಗಳಿದ್ದವು. ಹಳೆಯ ಹಂಚಿನ ಮನೆ ಕೆಡವಿ ಟೆರೇಸಿನ ಮನೆ ಕಟ್ಟಿದಾಗ ಅವೆಲ್ಲ ಗುಜರಿಗೆ ಹೋದವು. ಝರೀನಾ ಅಕ್ಕನ ಆರೇಳು ಪತ್ರಗಳನ್ನು ಕಾಪಾಡಿ ಜಗತ್ತಿನ ಗೋಡೆಗಳಿಗೆ ಏರಿಸಿದರು. ನಾವು ಗೋಣಿಗಟ್ಟಲೆ ಪತ್ರಗಳನ್ನು ಕಿಲೋ ಲೆಕ್ಕದಲ್ಲಿ ಮಾರಿದೆವು. ಅದು ಹೋಗಲಿ. ನಿಮ್ಮ ಹೊಸ ಮನೆಯ ತಾರಸಿಗೆ ಕಾಂಕ್ರೀಟು ಹೊತ್ತವನು ಕುಪ್ಪೇಲೂರಿನವನೋ ಗದಗಿನವನೋ ಬಾಗಲಕೋಟೆಯವನೋ ಆಗಿರುತ್ತಾನೆ. ಅವನು ನಿಮ್ಮದೇ ಮಸೀದಿಯಲ್ಲಿ ಜುಮಾ ನಮಾಝಿಗೆ ನಿಲ್ಲುತ್ತಾನೆ. ಅವನಿಗೆ ಅಲ್ಲಿರುವ ಹೆಸರೇನು? "ಘಟ್ಟದವರು". ದುಬೈಯಲ್ಲಿ ನಿಮ್ಮ ಮಗನನ್ನು ಅರಬನೊಬ್ಬ ಹೆಸರು ಹಿಡಿದು ಕರೆಯದೆ ಹಿಂದಿ ಎಂದಷ್ಟೇ ಕೂಗಿದಾಗ ನಿಮಗಾದ ನೋವಿಗೂ ಇದಕ್ಕೂ ವ್ಯತ್ಯಾಸವೇನು? ಜಮಾಅತ್ತಿನ ದಫ್ತರದಲ್ಲಿ ಅವನ ಹೆಸರಿಲ್ಲ. ಅವನು ಮೇಲಂತಸ್ತಿನಿಂದ ಬಿದ್ದು ಸತ್ತರೆ ಎಲ್ಲಿ ದಫನ ಮಾಡಬೇಕೆಂಬ ಚರ್ಚೆಯಾದದ್ದನ್ನು ನಾವೇ ಕಂಡಿದ್ದೇವೆ. ಊರಿನ ಹೆಸರು ಬೇಡ, ಆ ಜಮಾಅತ್ತಿನ ಹಿರಿಯರಿಗೆ ಗೊತ್ತು.

ಅರಕ್ಕಲ್ ಚಿತ್ರಗಳ ಮುಖವಿಲ್ಲದ ಮನುಷ್ಯ ಇವನೇ. ಬೆಂಗಳೂರಿನ ಗ್ಯಾಲರಿಯಲ್ಲಿ ಲಕ್ಷಾಂತರ ರೂಪಾಯಿ ಕೊಟ್ಟು ಅವನನ್ನು ಕೊಂಡವರಿದ್ದಾರೆ. ನಮ್ಮ ಸಫಿನಲ್ಲಿ ಭುಜಕ್ಕೆ ಭುಜ ತಾಗಿಸಿ ನಿಂತವನಾಗಿ ಅವನು ಬಿಟ್ಟಿ ಸಿಗುತ್ತಾನೆ, ಆದರೂ ನಾವು ನೋಡಲಿಲ್ಲ.

ಮಾಡಬಹುದಾದ ಕೆಲಸ ದೊಡ್ಡದೇನಲ್ಲ. ಪಟ್ಟಣ ಪಟ್ಟಣಗಳಲ್ಲಿ ನಮ್ಮ ಶಾದಿ ಮಹಲ್‌ಗಳು ಎದ್ದಿವೆ. ಅಮೃತಶಿಲೆಯ ಹಾಸು, ಝಗಮಗಿಸುವ ದೀಪದ ಗೊಂಚಲು, ದಾನಿಗಳ ಹೆಸರು ಕೊರೆದ ಕಪ್ಪು ಕಲ್ಲು. ಅದರ ಒಂದು ಗೋಡೆಯನ್ನು ಬಿಟ್ಟುಕೊಡಿ. ಜೀವಿಗಳ ಚಿತ್ರ ಬೇಡವೆನ್ನುವವರ ಮಾತನ್ನೂ ಮನ್ನಿಸೋಣ. ಪತ್ರಗಳಿರಲಿ, ಹಳೆಯ ಮನೆಗಳ ನಕ್ಷೆಗಳಿರಲಿ, ನದಾಫರ ಕಮಾನಿರಲಿ, ಪಟವೇಗಾರರ ಏಲಕ್ಕಿ ಹಾರದ ಒಂದು ಎಳೆಯಿರಲಿ, ಊರಿನಿಂದ ದುಡಿಯಲು ಹೋದವರ ಹೆಸರು ಮತ್ತು ಹೋದ ಊರಿನ ಪಟ್ಟಿಯಿರಲಿ. ಕರಾವಳಿಯ ಜಮಾಅತ್‌ಗಳು ತಮ್ಮ ವ್ಯಾಪ್ತಿಯಲ್ಲಿ ಕೆಲಸಕ್ಕಿರುವ ಹೊರ ಜಿಲ್ಲೆಯ ಮುಸ್ಲಿಮರ ಹೆಸರನ್ನು ಮುಂದಿನ ರಮಝಾನಿನೊಳಗೆ ತಮ್ಮ ದಫ್ತರದಲ್ಲಿ ಬರೆದುಕೊಳ್ಳಲಿ. ಮದ್ರಸಗಳ ವಾರ್ಷಿಕೋತ್ಸವದಲ್ಲಿ ಕಿರಾಅತ್ ಮತ್ತು ಭಾಷಣ ಸ್ಪರ್ಧೆಗಳ ಜೊತೆಗೆ ಒಂದು ಚಿತ್ರ ಸ್ಪರ್ಧೆ ನಡೆಯಲಿ. ಇಬ್ನು ಅಬ್ಬಾಸರು(ರ) ಅನುಮತಿಸಿದ ವಿಷಯಗಳೇ ಇರಲಿ, ಮಕ್ಕಳಿಗೆ 'ನನ್ನ ಮನೆ' ಎಂಬ ವಿಷಯವೊಂದೇ ಸಾಕು.

ಕುಪ್ಪೇಲೂರಿನ ಹುಡುಗನಿಗೆ ನಾವು ಎರಡು ಹೊಸ ನೋಟ್‌ಬುಕ್ಕು ಮತ್ತು ಒಂದು ಡಬ್ಬಿ ಪೆನ್ಸಿಲ್ ಕಳುಹಿಸಿದೆವು. ಪೊಟ್ಟಣದ ಮೇಲೆ ಬರೆದದ್ದು ಹರಿದ ಹಿರಿಯರ ಹೆಸರನ್ನೇ, ಒಳಗೆ ಬುಖಾರಿಯ ಆ ಹದೀಸಿನ ಸಂಖ್ಯೆಯನ್ನೂ ಚೀಟಿಯಲ್ಲಿ ಇಟ್ಟೆವು. ಪೊಟ್ಟಣ ತಲುಪಿದೆ. ಅವರು ಅದನ್ನು ಹುಡುಗನ ಕೈಗೆ ಕೊಟ್ಟರೋ ಇಲ್ಲವೋ, ಇನ್ನೂ ಸುದ್ದಿಯಿಲ್ಲ.